ಕಾಯಿ ಸೀಮೆಯ ಮಾತು

ಬೆಂಗಳೂರಿನಿಂದ ಅರಸೀಕೆರೆಯತ್ತ ಹೊರಟ ರೈಲು ಗುಬ್ಬಿ, ನಿಟ್ಟೂರುಗಳನ್ನು ದಾಟುತ್ತಿದ್ದಂತೆ ಕಿಟಕಿಯಾಚೆಗೆ ತೆಂಗು ಶುರುವಾಗುತ್ತದೆ. ಮೊದಲು ಬದುವಿನ ಮೇಲೆ ನಾಲ್ಕು ಮರ, ಆಮೇಲೆ ಕೆರೆಯ ಹಿಂದೊಂದು ತೋಟ. ಅಮ್ಮಸಂದ್ರ, ಬಾಣಸಂದ್ರ ಬರುವ ಹೊತ್ತಿಗೆ ತೋಟದ ನಡುವೆ ಅಲ್ಲಲ್ಲಿ ಊರು! ಕರಾವಳಿಯಿಂದ ಬಂದವರಿಗೆ ಇದು ಸೋಜಿಗ. ಸಮುದ್ರವಿಲ್ಲ, ಉಪ್ಪುಗಾಳಿಯಿಲ್ಲ, ಹೇಳಿಕೊಳ್ಳುವಂಥ ಮಳೆಯೂ ಇಲ್ಲ. ಸಮುದ್ರಮಟ್ಟದಿಂದ 800 ಮೀಟರಿಗೂ ಎತ್ತರದ ಈ ಬಯಲುಸೀಮೆಯಲ್ಲಿ ತೆಂಗು ಹೀಗೆ ನೆಲೆಯೂರಿದ್ದು ಹೇಗೆ? ಕೆರೆಗಳ ಕೃಪೆ, ಕೆಂಪು ಮರಳುಮಿಶ್ರಿತ ಮಣ್ಣಿನ ಕೃಪೆ, ಅದಕ್ಕಿಂತ ಹೆಚ್ಚಾಗಿ ಬೇಸಾಯ ಮಾಡಿದವರ ಹಟ ಎನ್ನಬೇಕು.

ತಿಪಟೂರು, ತುರುವೇಕೆರೆ, ಚಿಕ್ಕನಾಯಕನಹಳ್ಳಿ ತಾಲ್ಲೂಕುಗಳ ಈ ಸೀಮೆಗೆ ‘ಕಲ್ಪತರು ನಾಡು’ ಎಂಬ ಹೆಸರು ಗಟ್ಟಿಯಾಗಿ ನಿಂತಿದೆ. ಇಲ್ಲಿಗೆ ಬಂದವರು ತೋಟ ನೋಡುತ್ತಾರೆ. ಬಿಡುವಿದ್ದರೆ ಅರಳಗುಪ್ಪೆಯ ಕಲ್ಲೇಶ್ವರ ಗುಡಿಯ ಒಂಬತ್ತನೇ ಶತಮಾನದ ಕೆತ್ತನೆಯನ್ನೂ ತುರುವೇಕೆರೆಯ ಮೂಲೆ ಶಂಕರೇಶ್ವರನನ್ನೂ ನೋಡಿ ಹೋಗುತ್ತಾರೆ. ಇಲ್ಲಿನ ಜನರ ಮಾತಿಗೆ ಕಿವಿಗೊಟ್ಟು ಕೂರುವವರು ಕಡಿಮೆ. ಆದರೆ ಈ ಸೀಮೆಯಲ್ಲಿ ತೆಂಗಿನಷ್ಟೇ ಸಮೃದ್ಧವಾಗಿ ಬೆಳೆಯುವ ಇನ್ನೊಂದು ಫಸಲಿದ್ದರೆ ಅದು ಮಾತು. ಅಂಗಡಿ ಜಗಲಿ, ಬಸ್‌ ನಿಲ್ದಾಣ, ಕೊಬ್ಬರಿ ಮಂಡಿಗಳಲ್ಲಿ ಹುಟ್ಟಿ, ಯಾವ ನಿಘಂಟಿನ ಅಪ್ಪಣೆಯನ್ನೂ ಕೇಳದೆ ಊರೂರು ತಿರುಗುವ ಆಡುಮಾತು.

ಕಿಬ್ಬನಹಳ್ಳಿ ಎಲ್ಲಿ ಹೋಯಿತು?

ತುಮಕೂರಿನ ಬಸ್‌ ನಿಲ್ದಾಣದಲ್ಲಿ ನಿಂತು ‘ಕಿಬ್ಬನಹಳ್ಳಿ ಕೈಮರಕ್ಕೆ ಯಾವ ಬಸ್ಸು?’ ಎಂದು ಕೇಳಿದರೆ ಕಂಡಕ್ಟರು ಒಂದು ಕ್ಷಣ ಮುಖ ನೋಡುತ್ತಾನೆ. ‘ಕೆ.ಬಿ. ಕ್ರಾಸಾ? ಹತ್ತಿ, ಹತ್ತಿ.’ ಪೂರ್ವಕ್ಕೆ ತುಮಕೂರು, ಪಶ್ಚಿಮಕ್ಕೆ ತಿಪಟೂರು, ಉತ್ತರಕ್ಕೆ ಚಿಕ್ಕನಾಯಕನಹಳ್ಳಿ, ದಕ್ಷಿಣಕ್ಕೆ ತುರುವೇಕೆರೆ, ಹೀಗೆ ಇಡೀ ತೆಂಗಿನ ಸೀಮೆಯ ಹೊಕ್ಕುಳಲ್ಲಿ ಕುಳಿತ ಈ ಕೂಡುರಸ್ತೆಯನ್ನು ಪೂರ್ತಿ ಹೆಸರಿನಿಂದ ಕರೆಯುವವರು ವಿರಳ. ಚಿಕ್ಕನಾಯಕನಹಳ್ಳಿಯ ಗತಿಯೂ ಅದೇ. ಹಾಗಲವಾಡಿ ಪಾಳೆಯಗಾರರ ಮನೆತನದ ಚಿಕ್ಕನಾಯಕನ ಹೆಸರು ಹೊತ್ತ ಊರು ‘ಸಿ.ಎನ್. ಹಳ್ಳಿ’ ಆಗಿದೆ. ನಾಯಕ ಹೋಗಿ ಎರಡು ಇಂಗ್ಲಿಷ್‌ ಅಕ್ಷರ ಉಳಿದವು.

ಇದನ್ನು ಭಾಷೆಯ ಅವನತಿ ಎಂದು ಹಳಿಯುವವರುಂಟು. ನಿಜವಾಗಿ ನಡೆದಿರುವುದು ಸರಳ ಸಂಗತಿ. ದಿನಕ್ಕೆ ಇನ್ನೂರು ಸಲ ಕೂಗಬೇಕಾದ ಹೆಸರನ್ನು ಬಾಯಿ ಸವೆಸುತ್ತದೆ. ಹೊಳೆ ಕಲ್ಲನ್ನು ಸವೆಸುವ ಹಾಗೆ. ಮೋಜೆಂದರೆ, ಹೀಗೆ ಸವೆದ ಮೇಲೆ ಅದು ಹೊಸ ಹೆಸರೇ ಆಗಿಬಿಡುತ್ತದೆ. ಇಂದು ಕಿಬ್ಬನಹಳ್ಳಿ ಎಂದರೆ ಒಂದು ಹಳ್ಳಿ, ಕೆ.ಬಿ. ಕ್ರಾಸ್‌ ಎಂದರೆ ಹೋಟೆಲು, ಲಾರಿ, ಎಳನೀರು ರಾಶಿಗಳ ಬೇರೆಯದೇ ಒಂದು ಊರು.

ಇದೇ ಆಟವನ್ನು ಬಲು ಜೋರಾಗಿ ಆಡುವ ಇನ್ನೊಂದು ತೆಂಗಿನ ನಾಡು ಪೂರ್ವ ಸಮುದ್ರದಾಚೆ ಇದೆ, ಇಂಡೊನೇಷ್ಯಾ. ತೆಂಗು ಬೆಳೆಯುವುದರಲ್ಲಿ ಜಗತ್ತಿನ ಮುಂಚೂಣಿಯಲ್ಲಿರುವ ಆ ದ್ವೀಪಗಳಲ್ಲಿ ಸರ್ಕಾರವೇ ಪದಗಳನ್ನು ಕತ್ತರಿಸಿ ಅಂಟಿಸುತ್ತದೆ. ಸಾರ್ವಜನಿಕ ಆರೋಗ್ಯ ಕೇಂದ್ರಕ್ಕೆ ‘ಪುಸತ್‌ ಕೆಸೆಹಾತಾನ್‌ ಮಶರಾಕತ್‌’ ಎನ್ನುವ ಉದ್ದನೆಯ ಹೆಸರಿದ್ದರೆ ಜನ ಕರೆಯುವುದು ‘ಪುಸ್ಕೆಸ್ಮಾಸ್‌’. ಕಚೇರಿಯ ಈ ಚಾಳಿಯನ್ನು ಹುಡುಗರು ಬಿಡುತ್ತಾರೆಯೆ? ‘ಮಲಾಸ್‌ ಗೆರಾಕ್‌’, ಅಂದರೆ ಅಲ್ಲಾಡುವುದಕ್ಕೂ ಸೋಮಾರಿತನ, ಅದನ್ನು ‘ಮಾಗೆರ್‌’ ಮಾಡಿದರು. ಪ್ರೀತಿಗೆ ಗುಲಾಮನಾದವನನ್ನು ‘ಬುಚಿನ್‌’ ಎಂದರು. ‘ಯುಕ್‌’ ಎಂದರೆ ‘ಬಾ, ಹೋಗೋಣ’. ಅದನ್ನು ತಿರುವಿ ‘ಕುಯ್‌’ ಮಾಡಿ ಮೊಬೈಲಿನಲ್ಲಿ ಕಳಿಸುತ್ತಾರೆ. ಪೂರ್ವ ಜಾವಾದ ಮಲಾಂಗ್‌ ಪಟ್ಟಣದವರಂತೂ ತಮ್ಮ ಊರನ್ನೇ ತಿರುವಿ ‘ಙಲಾಮ್‌’ ಎನ್ನುತ್ತಾರೆ. ಡಚ್ಚರ ವಿರುದ್ಧದ ಹೋರಾಟದ ಕಾಲದಲ್ಲಿ ಗೂಢಚಾರರಿಗೆ ತಿಳಿಯದಿರಲೆಂದು ಈ ತಿರುಗುಮುರುಗು ಭಾಷೆ ಬಂತೆಂದು ಅಲ್ಲಿಯವರು ಹೇಳುತ್ತಾರೆ.

ಗುಟ್ಟಿಗಾಗಿ ಹುಟ್ಟಿದ ಮಾತು ಗುಟ್ಟಾಗಿ ಉಳಿಯುವುದಿಲ್ಲ ಎನ್ನುವುದಕ್ಕೆ ಜಕಾರ್ತಾದ ‘ಪ್ರೊಕೆಮ್‌’ ಒಳ್ಳೆಯ ಸಾಕ್ಷಿ. ಬೀದಿ ಪುಂಡರಿಗೆ ಅಲ್ಲಿ ‘ಪ್ರೆಮಾನ್‌’ ಎನ್ನುತ್ತಾರೆ. ಅವರು ಪದದ ಬಾಲ ಕತ್ತರಿಸಿ ನಡುವೆ ‘ಒಕ್‌’ ಎಂಬ ತುಣುಕು ಸೇರಿಸಿ ಮಾತಾಡುತ್ತಿದ್ದರು. ಪ್ರೆಮಾನ್‌ ಹೀಗೆ ಪ್ರೊಕೆಮ್‌ ಆಯಿತು. ಅಪ್ಪ ಎನ್ನುವ ‘ಬಾಪಾಕ್‌’ ‘ಬೊಕಾಪ್‌’ ಆಯಿತು. ಪುಂಡರ ಬಾಯಿಂದ ಕಾಲೇಜು ಹುಡುಗರ ಬಾಯಿಗೆ ಬಂತು, ಆಮೇಲೆ ಅದಕ್ಕೊಂದು ನಿಘಂಟೂ ಅಚ್ಚಾಯಿತು. ನಿಘಂಟು ಬಂದಮೇಲೆ ಗುಟ್ಟೆಲ್ಲಿ?

ಹಣ್ಣೋ ಕಾಯೋ

ಸಸ್ಯಶಾಸ್ತ್ರದ ಪಾಠದಲ್ಲಿ ತೆಂಗಿನಕಾಯಿ ಒಂದು ಹಣ್ಣು. ಮಾವಿನಂತೆಯೇ ಹೊರಸಿಪ್ಪೆ, ನಡುವಿನ ಪದರ, ಒಳಗೆ ಗಟ್ಟಿ ಓಟೆ. ಮಾವಿನಲ್ಲಿ ನಾವು ತಿನ್ನುವ ನಡುವಿನ ಪದರವೇ ತೆಂಗಿನಲ್ಲಿ ನಾರು. ಆದರೆ ಪರೀಕ್ಷೆಗೆ ಹೀಗೆ ಬರೆದು ಮನೆಗೆ ಹೋದ ಹುಡುಗ ಅಜ್ಜಿಯ ಮುಂದೆ ‘ತೆಂಗಿನ ಹಣ್ಣು’ ಎಂದರೆ ಅವಳು ನಗುತ್ತಾಳೆ. ಎಷ್ಟು ಬಲಿತರೂ ಕನ್ನಡದಲ್ಲಿ ಅದು ಕಾಯಿಯೇ. ಈ ಸೀಮೆಯಲ್ಲಂತೂ ‘ತೆಂಗಿನ’ ಎಂಬ ವಿಶೇಷಣವೂ ಬೇಡ. ಕಾಯಿ ಎಂದರೆ ಇದೊಂದೇ. ಬದನೆ, ಸೋರೆ, ಹೀರೆಗಳೆಲ್ಲ ತಮ್ಮ ಹೆಸರನ್ನು ಮುಂದೆ ಹಚ್ಚಿಕೊಂಡು ಬರಬೇಕು.

ಕೆಲಸಕ್ಕೆ ಹೋಗಿ ಬಂದವನನ್ನು ನಾಡಿನ ಎಲ್ಲೆಡೆ ‘ಹಣ್ಣೋ ಕಾಯೋ?’ ಎಂದು ಕೇಳುವುದುಂಟು. ಹಣ್ಣೆಂದರೆ ಗೆಲುವು, ಕಾಯೆಂದರೆ ಸೋಲು. ಮಾವು ಬಾಳೆಗಳನ್ನು ಕಣ್ಣಮುಂದಿಟ್ಟುಕೊಂಡು ಯಾರೋ ಕಟ್ಟಿದ ಮಾತು ಇದು. ತಿಪಟೂರಿನ ಜಗಲಿಯಲ್ಲಿ ಇದಕ್ಕೆ ಉತ್ತರ ಬೇರೆ ಬರಬಹುದು. ‘ಕಾಯೇ ಆಗ್ಲಿ ಬುಡಪ್ಪ, ಹಣ್ಣು ತಗಂಡು ಏನ್‌ ಮಾಡಾನ? ಮೂರ್‌ ದಿನಕ್ಕೆ ಕೊಳೀತೈತೆ!’ ಒಂದೇ ಮಾತು, ನೆಲ ಬದಲಾದರೆ ಅರ್ಥ ಮಗುಚಿಕೊಳ್ಳುತ್ತದೆ.

ಕೊಳೆಯದಿರುವುದೇ ಇಲ್ಲಿನ ಕಾಯಿಯ ಹೆಗ್ಗಳಿಕೆ. ಕೇರಳದವರು ಕಾಯಿಯನ್ನು ಒಡೆದು ಒಣಗಿಸಿ ಎಣ್ಣೆಗೆ ಕಳಿಸಿದರೆ ಇಲ್ಲಿನವರು ಬಲಿತ ಕಾಯಿಯನ್ನು ಮಟ್ಟೆ ಸಮೇತ ಅಟ್ಟದ ಮೇಲೆ ಸುರಿದು ಎಂಟು ತಿಂಗಳಿಂದ ಒಂದು ವರ್ಷ ಸುಮ್ಮನೆ ಬಿಡುತ್ತಾರೆ. ಒಳಗಿನ ನೀರು ನಿಧಾನವಾಗಿ ಇಂಗುತ್ತದೆ, ತಿರುಳು ಚಿಪ್ಪಿನಿಂದ ಬಿಡಿಸಿಕೊಳ್ಳುತ್ತದೆ. ಕಾಯಿಯನ್ನು ಕಿವಿಯ ಬಳಿ ಹಿಡಿದು ಅಲ್ಲಾಡಿಸಿದರೆ ಒಳಗೆ ಉಂಡೆ ಉರುಳುವ ಸದ್ದು. ಆಮೇಲೆ ಸುಲಿದು, ಚಿಪ್ಪೊಡೆದು, ಒಂದು ಗೀರೂ ಬೀಳದಂತೆ ಇಡೀ ಉಂಡೆಯನ್ನು ಹೊರತೆಗೆಯಬೇಕು. ಇದೇ ‘ಉಂಡೆ ಕೊಬ್ಬರಿ’. ಉತ್ತರ ಭಾರತದ ಮದುವೆ, ಪೂಜೆ, ಸಿಹಿತಿಂಡಿಗಳಿಗೆ ಇದೇ ಬೇಕು. ಉಂಡೆ ಕೊಬ್ಬರಿಗೆ ತಿಪಟೂರು ದೇಶದಲ್ಲೇ ದೊಡ್ಡ ಮಾರುಕಟ್ಟೆ. ಇದಕ್ಕೆ ಹೇಳಿ ಮಾಡಿಸಿದ ತಳಿಗೆ ವಿಜ್ಞಾನಿಗಳು ‘ತಿಪಟೂರು ಟಾಲ್‌’ ಎಂದು ಊರಿನ ಹೆಸರನ್ನೇ ಇಟ್ಟರು. ಅದರಿಂದ ಆರಿಸಿದ್ದಕ್ಕೆ ‘ಕಲ್ಪತರು’ ಎಂದೇ ಕರೆದರು.

ಅಟ್ಟದಲ್ಲಿ ಎಲ್ಲ ಕಾಯಿಯೂ ಒಂದೇ ರೀತಿ ಒಣಗುವುದಿಲ್ಲ. ಕೆಲವು ಒಳಗೇ ಕೆಟ್ಟು ಕಮಟಲು ನಾತ ಹೊಡೆಯುತ್ತವೆ. ಅದು ‘ಕೌಟು’. ಮಂಡಿಯಲ್ಲಿ ಕೌಟು ಎಂದರೆ ಅರ್ಧ ಬೆಲೆ. ಮೇಲೆ ನಗುತ್ತ ಒಳಗೆ ಬೇರೆ ಲೆಕ್ಕ ಇಟ್ಟುಕೊಂಡ ಮನುಷ್ಯನನ್ನು ಬಣ್ಣಿಸಲು ಇದಕ್ಕಿಂತ ಒಳ್ಳೆಯ ಪದ ಬೇಕೆ?

ಕೈಗೆ ಚಿಪ್ಪು

ಕನ್ನಡ ನಾಡಿನ ಕಾಲೇಜು ಹುಡುಗರೆಲ್ಲ ಬಳಸುವ ತೆಂಗಿನ ಮಾತೊಂದಿದ್ದರೆ ಅದು ‘ಚಿಪ್ಪು’. ‘ಪರೀಕ್ಷೆಯಲ್ಲಿ ಏನಾಯ್ತೋ?’ ‘ಚಿಪ್ಪು!’ ಸಾಲ ಕೊಟ್ಟವನಿಗೆ ಚಿಪ್ಪು, ಟಿಕೆಟ್‌ ಆಕಾಂಕ್ಷಿಗೆ ಚಿಪ್ಪು, ಲೋಕಸಭೆಯ ಆಯವ್ಯಯ ಪತ್ರದಲ್ಲಿ ರಾಜ್ಯಕ್ಕೆ ಚಿಪ್ಪು. ತಿರುಳೆಲ್ಲ ಬೇರೆಯವರ ಪಾಲಾಗಿ ಖಾಲಿ ಕರಟ ಮಾತ್ರ ಕೈಯಲ್ಲಿ ಉಳಿಯಿತೆಂಬ ಚಿತ್ರ ಅದರ ಹಿಂದಿದೆ. ಅದೇ ಕರಟವನ್ನು ಮುಂದೆ ಚಾಚಿದರೆ ಭಿಕ್ಷಾಪಾತ್ರೆ. ಎರಡು ಚಿತ್ರವೂ ಒಂದೇ ಪದದಲ್ಲಿ ಅಡಗಿರುವುದರಿಂದಲೇ ಅದಕ್ಕೆ ಆ ಪೆಟ್ಟು.

ಆದರೆ ಚಿಪ್ಪಿಗೆ ನಗು ಬಾರದ ಇನ್ನೊಂದು ನೆನಪೂ ಇದೆ. ಹಿಂದೆ ಹಳ್ಳಿಗಳಲ್ಲಿ ದಲಿತರಿಗೆ ಲೋಟ ಮುಟ್ಟಗೊಡದೆ ತೆಂಗಿನ ಚಿಪ್ಪಿನಲ್ಲಿ ನೀರು, ಚಹಾ ಸುರಿಯುವ ಪದ್ಧತಿಯಿತ್ತು. ಹೋಟೆಲಿನ ಹಿಂಬದಿಯ ಬೇಲಿಗೆ ಸಿಕ್ಕಿಸಿಟ್ಟ ಚಿಪ್ಪನ್ನು ತಾವೇ ತೆಗೆದುಕೊಂಡು, ತಾವೇ ತೊಳೆದಿಡಬೇಕು. ಆ ಚಿಪ್ಪಿನಲ್ಲಿ ಕುಡಿದವರ ಮೊಮ್ಮಕ್ಕಳು ಇಂದು ಅದೇ ಕಾಲೇಜಿನ ಅದೇ ಬೆಂಚಿನಲ್ಲಿ ಕುಳಿತಿದ್ದಾರೆ. ಪಕ್ಕದವನು ನಗುತ್ತ ‘ನಿನಗೆ ಚಿಪ್ಪು’ ಎಂದಾಗ ಇಬ್ಬರೂ ಕೇಳಿಸಿಕೊಳ್ಳುವುದು ಒಂದೇ ಪದವನ್ನಲ್ಲ. ಆಡಿದವನಿಗೆ ಅದು ತಮಾಷೆ; ಕೇಳಿದವನ ಮನೆಯಲ್ಲಿ ಅಜ್ಜ ಹೇಳಿದ ಕತೆಯೊಂದು ಇದ್ದರೆ ಅವನಿಗೆ ಅದು ಬೇರೆ. ಆಡುಮಾತಿನ ಅರ್ಥವನ್ನು ನಿಘಂಟಿನಲ್ಲಿ ಹುಡುಕುವವರು ಈ ವ್ಯತ್ಯಾಸವನ್ನು ಎಲ್ಲಿ ಬರೆದುಕೊಳ್ಳಬೇಕು?

ಇನ್ನು ತಿಪಟೂರಿನ ವ್ಯಾಪಾರಿಗೆ ಚಿಪ್ಪು ಎಂದರೆ ಸರಕು. ಉಂಡೆ ಹೊರಬಂದ ಮೇಲೆ ಉಳಿದ ಚಿಪ್ಪಿನ ರಾಶಿ ಲಾರಿ ಹತ್ತುತ್ತದೆ. ಗಾಳಿ ಆಡದಂತೆ ಸುಟ್ಟರೆ ಇದ್ದಿಲು. ಆ ಇದ್ದಿಲನ್ನು ಹೆಚ್ಚಿನ ಶಾಖದಲ್ಲಿ ಹಬೆ ಹಾಯಿಸಿ ಹದಗೊಳಿಸಿದರೆ ಕಣ್ಣಿಗೆ ಕಾಣದಷ್ಟು ಸಣ್ಣ ರಂಧ್ರಗಳು ತೆರೆದುಕೊಂಡು ‘ಸಕ್ರಿಯ ಇಂಗಾಲ’ವಾಗುತ್ತದೆ. ಆ ರಂಧ್ರಗಳ ಒಳಮೈಯನ್ನೆಲ್ಲ ಬಿಡಿಸಿ ಹಾಸಿದರೆ ಒಂದು ಗ್ರಾಮಿಗೇ ನೂರಾರು ಚದರ ಮೀಟರ್‌! ನಗರದವರ ಮನೆಯ ನೀರಿನ ಶುದ್ಧೀಕರಣ ಯಂತ್ರದಲ್ಲಿ ವಾಸನೆ, ಬಣ್ಣ ಹೀರುವುದು ಇದೇ. ಮೊದಲ ಮಹಾಯುದ್ಧದಲ್ಲಿ ಸೈನಿಕರ ಮುಖವಾಡಗಳೊಳಗೆ ವಿಷಾನಿಲವನ್ನು ತಡೆದು ಪ್ರಾಣ ಉಳಿಸಿದ್ದೂ ತೆಂಗಿನ ಚಿಪ್ಪಿನ ಇದ್ದಿಲೇ. ‘ಕೈಗೆ ಚಿಪ್ಪು ಸಿಕ್ತು’ ಎಂದು ಬೆಂಗಳೂರಿನವನು ಹಣೆ ಚಚ್ಚಿಕೊಳ್ಳುವ ಹೊತ್ತಿನಲ್ಲೇ ಇಲ್ಲೊಬ್ಬ ‘ಚಿಪ್ಪು ಎಷ್ಟು ಟನ್‌ ಐತೆ?’ ಎಂದು ಫೋನಿನಲ್ಲಿ ವಿಚಾರಿಸುತ್ತಿರುತ್ತಾನೆ.

ಚಿಪ್ಪಿನ ಜೊತೆಗಾರ ‘ಬುರುಡೆ’. ತಲೆಯದು ಬುರುಡೆ, ಸೋರೆಯದು ಬುರುಡೆ, ಕುಡಿದೆಸೆದ ಎಳನೀರಿನದು ಬುರುಡೆ. ವಿದ್ಯುತ್‌ ದೀಪ ಬಂದಾಗ ಜನ ಅದನ್ನೂ ಬುರುಡೆ ಎಂದೇ ಕರೆದರು. ದುಂಡಗಿರಬೇಕು, ಒಳಗೆ ಪೊಳ್ಳಾಗಿರಬೇಕು, ಅಷ್ಟಿದ್ದರೆ ಬುರುಡೆ. ‘ಬುರುಡೆ ಬಿಡುವವನ’ ಮಾತೂ ಅಷ್ಟೇ: ನೋಡಲು ದುಂಡಗೆ, ತಟ್ಟಿದರೆ ಪೊಳ್ಳು. ಹೊಸ ವಸ್ತುವಿಗೆ ಹೊಸ ಹೆಸರು ಹುಡುಕುವ ಶ್ರಮಕ್ಕೆ ಜನ ಹೋಗುವುದಿಲ್ಲ. ಕೈಗೆಟುಕುವ ಹಳೆಯ ಪದವನ್ನು ಅದರ ಮೇಲೆ ಕವುಚುತ್ತಾರೆ.

ಒಂಬತ್ತು ಐನೂರು

ತಿಪಟೂರಿನ ಕೃಷಿ ಉತ್ಪನ್ನ ಮಾರುಕಟ್ಟೆಯಲ್ಲಿ ವಾರಕ್ಕೆ ಎರಡು ದಿನ ಕೊಬ್ಬರಿಯ ಟೆಂಡರು. ಆ ದಿನ ಮಧ್ಯಾಹ್ನದ ಹೊತ್ತಿಗೆ ಮೂರು ತಾಲ್ಲೂಕಿನ ಫೋನುಗಳೆಲ್ಲ ಒಂದೇ ಪ್ರಶ್ನೆ ಕೇಳುತ್ತವೆ: ‘ಎಷ್ಟಾತು?’ ಏನು ಎಷ್ಟಾಯಿತು ಎಂದು ಕೇಳುವವನು ಹೇಳುವುದಿಲ್ಲ, ಉತ್ತರಿಸುವವನು ವಿಚಾರಿಸುವುದಿಲ್ಲ. ‘ಒಂಬತ್ತು ಐನೂರು.’ ಹೊರಗಿನವನು ಒಂಬತ್ತಕ್ಕೆ ಐನೂರು ಕೂಡಿಸಿ ಕಂಗಾಲಾಗಬಹುದು. ಕ್ವಿಂಟಲಿಗೆ 9,500 ರೂಪಾಯಿ ಎಂದು ಇಲ್ಲಿನ ಮಗುವಿಗೂ ಗೊತ್ತು.

ಮಾನವಿಲ್ಲದ ಸಂಖ್ಯೆಗೆ ಅರ್ಥವಿಲ್ಲ ಎಂದು ಭೌತಶಾಸ್ತ್ರದ ಮೊದಲ ಪಾಠ ಹೇಳುತ್ತದೆ. ಮಂಡಿಯಲ್ಲಿ ಸಂಖ್ಯೆಗೆ ಮಾನವೂ ಇಲ್ಲ, ಸೊನ್ನೆಗಳೂ ಇಲ್ಲ. ಆದರೂ ಲಕ್ಷಾಂತರ ರೂಪಾಯಿ ಕೈ ಬದಲಾಗುತ್ತದೆ. ಬಿಟ್ಟ ಭಾಗ ಇಬ್ಬರ ತಲೆಯಲ್ಲೂ ಇರುವವರೆಗೆ ತೊಂದರೆಯಿಲ್ಲ. ‘ಹದಿನೈದು’ ಎಂದರೆ ಕಾಯೊಂದಕ್ಕೆ 15 ರೂಪಾಯಿ ಇರಬಹುದು, ಸಾವಿರ ಕಾಯಿಗೆ 15 ಸಾವಿರ ಇರಬಹುದು. ಲೆಕ್ಕ ಹಾಕಿದರೆ ಎರಡೂ ಒಂದೇ. ಕೊಬ್ಬರಿಗಾದರೆ ಕ್ವಿಂಟಲಿಗೆ 15 ಸಾವಿರ, ಅದು ಪೂರಾ ಬೇರೆ ಕತೆ. ಪಟ್ಟಣದಿಂದ ಮರಳಿ ಬಂದು ಹೊಸದಾಗಿ ತೋಟ ನೋಡಿಕೊಳ್ಳುವ ಮಗ ಮೊದಲ ವರ್ಷ ಎಡವುವುದು ಇಲ್ಲೇ. ಅಪ್ಪನ ಬಳಿ ಲೆಕ್ಕದ ಪುಸ್ತಕ ಸಿಗುತ್ತದೆ, ಪುಸ್ತಕದಲ್ಲಿ ಬರೆಯದೆ ಬಿಟ್ಟದ್ದು ಸಿಗುವುದಿಲ್ಲ.

ಜಾತ್ರೆಯ ದನದ ವ್ಯಾಪಾರದಲ್ಲಿ ಮಾತನ್ನೂ ಬಿಟ್ಟುಬಿಡುತ್ತಾರೆ. ದಲ್ಲಾಳಿ, ಮಾರುವವನು ಕೈ ಕೈ ಹಿಡಿದು ಮೇಲೊಂದು ಟವೆಲು ಹೊದಿಸುತ್ತಾರೆ. ಒಳಗೆ ಬೆರಳು ಒತ್ತುವುದೇ ಮಾತು. ಮೂರು ಬೆರಳು ಹಿಡಿದರೆ ಮೂರು; ಮೂರು ಸಾವಿರವೋ ಮೂವತ್ತು ಸಾವಿರವೋ ಎತ್ತಿನ ಮೈಕಟ್ಟು ನೋಡಿದರೆ ತಿಳಿಯುತ್ತದೆ. ಸುತ್ತ ನೂರು ಜನ ನಿಂತಿದ್ದರೂ ಬೆಲೆ ಇಬ್ಬರಿಗೆ ಮಾತ್ರ ಗೊತ್ತು. ಮಾತು ಹುಟ್ಟಿದ್ದೇ ಎಲ್ಲರಿಗೂ ತಿಳಿಸಲು ಎಂದು ಯಾರು ಹೇಳಿದರು?

ಮಾರುಕಟ್ಟೆಯ ಮಾತುಗಳಲ್ಲಿ ತೀರ ಮುಗ್ಧವಾಗಿ ಕೇಳಿಸುವುದು ‘ಬಿಳಿ ಚೀಟಿ’. ಅಧಿಕೃತ ರಸೀದಿಯಿಲ್ಲದೆ ಬರಿ ಕಾಗದದ ಮೇಲೆ ಗೀಚಿಕೊಡುವ ಲೆಕ್ಕಕ್ಕೆ ಕರ್ನಾಟಕದ ಮಾರುಕಟ್ಟೆಗಳಲ್ಲೆಲ್ಲ ಇರುವ ಹೆಸರು ಇದು. ಬಿಳಿ ಎಂಬ ಶಬ್ದಕ್ಕೆ ಕನ್ನಡದಲ್ಲಿ ಎಂದೂ ಕಳಂಕವಿರಲಿಲ್ಲ. ಆದರೆ ಈ ಚೀಟಿ ಕೈಯಲ್ಲಿ ಹಿಡಿದ ರೈತನ ಬಳಿ ಮಾರಿದ್ದಕ್ಕೆ ಸಾಕ್ಷಿಯಿಲ್ಲ, ತೂಕ ತಪ್ಪಿದರೆ ಕೇಳುವ ಹಕ್ಕಿಲ್ಲ. ಆನ್‌ಲೈನ್‌ ಟೆಂಡರು ಬಂದ ಮೇಲೂ ಈ ಪದ ಸತ್ತಿಲ್ಲವೆಂದರೆ ವಸ್ತುವೂ ಎಲ್ಲೋ ಉಸಿರಾಡುತ್ತಿದೆ ಎಂದೇ ಅರ್ಥ.

ಇನ್ನೊಂದು ಪದ ದೆಹಲಿಯಿಂದ ಬಂದದ್ದು. 1958ರ ಗಾಂಧಿ ಜಯಂತಿಯಂದು ಸ್ಥಾಪನೆಯಾದ ರಾಷ್ಟ್ರೀಯ ಕೃಷಿ ಸಹಕಾರ ಮಾರಾಟ ಮಹಾಮಂಡಳದ ಇಂಗ್ಲಿಷ್‌ ಹೆಸರನ್ನು ಮೊಟಕು ಮಾಡಿದರೆ ‘ನಾಫೆಡ್‌’. ಆ ಉದ್ದ ಹೆಸರು ಇಲ್ಲಿ ಯಾರಿಗೂ ಬೇಕಿಲ್ಲ. ‘ಈ ಸಲ ನಾಫೆಡ್‌ಗೆ ಹಾಕ್ದಾ?’ ಎಂದರೆ ಬೆಂಬಲ ಬೆಲೆಗೆ ಮಾರಿದೆಯಾ ಎಂದರ್ಥ. 2023ರಲ್ಲಿ ಉಂಡೆ ಕೊಬ್ಬರಿಯ ಬೆಂಬಲ ಬೆಲೆ 11,750 ರೂಪಾಯಿ ಇದ್ದರೆ ಮಾರುಕಟ್ಟೆಯ ದರ ಎಂಟು ಸಾವಿರದ ಆಸುಪಾಸಿಗೆ ಕುಸಿದಿತ್ತು. ಮರು ವರ್ಷ ಬೆಂಬಲ ಬೆಲೆ 12,000 ಆಯಿತು; ಹೆಸರು ನೋಂದಾಯಿಸಲು ರೈತರು ಸಾಲುಗಟ್ಟಿ ನಿಂತರು. ಆ ದಿನಗಳಲ್ಲಿ ‘ನಾಫೆಡ್‌’ ಎಂದರೆ ಮಗಳ ಮದುವೆ, ಮಗನ ಕಾಲೇಜು ಶುಲ್ಕ. 2025ರಲ್ಲಿ ಮಾರುಕಟ್ಟೆಯೇ ಇಪ್ಪತ್ತು ಸಾವಿರ ದಾಟಿದಾಗ ಅದೇ ಪದ ಬಾಯಿಂದ ಬಾಯಿಗೆ ಹೋಗುವುದು ತಟ್ಟನೆ ನಿಂತಿತು. ಪದಗಳಿಗೂ ದರವುಂಟು.

ರೋಗವಲ್ಲದ ರೋಗ

ಅರ್ಥ ಮಾಡಿಕೊಳ್ಳುವುದರಲ್ಲಿ ತಪ್ಪಿದರೆ ಬೆಲೆ ತೆರಬೇಕಾದ ಪ್ರಸಂಗವೂ ಈ ಸೀಮೆ ಕಂಡಿದೆ. 1998ರಲ್ಲಿ ಕೇರಳದಲ್ಲಿ ತೆಂಗಿನ ಮೇಲೆ ಹೊಸದೊಂದು ಪೀಡೆ ಕಾಣಿಸಿಕೊಂಡು ಒಂದೆರಡು ವರ್ಷದಲ್ಲಿ ಇತ್ತಲೂ ಹಬ್ಬಿತು. ಎಳೆಗಾಯಿಯ ತೊಟ್ಟಿನ ಬಳಿ ಮೊದಲು ಮುಕ್ಕೋನದ ಬಿಳಿಚು ಕಲೆ, ಆಮೇಲೆ ಕಂದು ಬಿರುಕು, ಕೊನೆಗೆ ಕೈಗೆ ಬರುವುದು ಸುರುಟಿದ ಪುಟ್ಟ ಕಾಯಿ. ಇಂಥ ಕಾಯಿಯ ಮಟ್ಟೆ ಅಂಟಿಕೊಂಡು ಸುಲಿಯುವವನ ಕೈ ಸೋಲುತ್ತದೆ. ವಿಜ್ಞಾನಿಗಳು ಇದನ್ನು ‘ಅಸೇರಿಯಾ ಗೆರೆರೋನಿಸ್‌’ ಎಂದು ಗುರುತಿಸಿದರು. ಮೆಕ್ಸಿಕೋ ದೇಶದ ಗೆರೆರೋ ರಾಜ್ಯದ ಹೆಸರು ಹೊತ್ತ ಜೀವಿ. ಉದ್ದ ಒಂದು ಮಿಲಿಮೀಟರಿನ ಕಾಲುಭಾಗದಷ್ಟೂ ಇಲ್ಲ, ಕಾಲು ನಾಲ್ಕು, ಬಾಳುವುದು ತೊಟ್ಟಿನ ಟೋಪಿಯ ಅಡಿಯಲ್ಲಿ.

ಜನ ತಮ್ಮಲ್ಲಿದ್ದ ‘ನುಸಿ’ ಎಂಬ ಹಳೆಯ ಪದವನ್ನು ತೆಗೆದುಕೊಟ್ಟರು. ಅದು ಚೆನ್ನಾಗಿಯೇ ಹೊಂದಿತು. ಎಡವಟ್ಟಾದದ್ದು ಅದಕ್ಕೆ ‘ರೋಗ’ ಸೇರಿದಾಗ. ನುಸಿರೋಗ ಎಂದು ಪತ್ರಿಕೆಗಳೂ ಬರೆದವು, ಭಾಷಣಗಳೂ ನಡೆದವು. ರೋಗವೆಂದ ಮೇಲೆ ಔಷಧಿ ಇರಬೇಕು, ಒಮ್ಮೆ ಕೊಟ್ಟರೆ ವಾಸಿಯಾಗಬೇಕು, ಅಲ್ಲವೆ? ನುಸಿ ಹಾಗಲ್ಲ. ಅದೊಂದು ಪ್ರಾಣಿ, ಗಾಳಿಯಲ್ಲಿ ತೇಲಿ ಪಕ್ಕದ ತೋಟದಿಂದ ಮತ್ತೆ ಬರುತ್ತದೆ. ಮರಕ್ಕೆ ಗೊಬ್ಬರ, ನೀರು ಸರಿಯಾಗಿ ಕೊಟ್ಟು ಶಕ್ತಿ ತುಂಬುವುದು, ಬೇರಿನ ಮೂಲಕ ಬೇವಿನ ಔಷಧ ಉಣಿಸುವುದು, ಹೀಗೆ ವರ್ಷವರ್ಷವೂ ಮಾಡುತ್ತಲೇ ಇರಬೇಕು. ಒಂದು ಸಲ ಔಷಧಿ ಕೊಡಿಸಿ, ವಾಸಿಯಾಗಲಿಲ್ಲವೆಂದು ಕೈಬಿಟ್ಟವರಿಗೆ ಮೋಸ ಮಾಡಿದ್ದು ನುಸಿಯಷ್ಟೇ ಅಲ್ಲ, ಅದರ ಹೆಸರೂ ಹೌದು. ಕೃಷಿ ವಿಜ್ಞಾನದ ಬರಹಗಳು ‘ನುಸಿಪೀಡೆ’ ಎಂದು ತಿದ್ದಿ ಬರೆಯುತ್ತವೆ. ಊರಿನ ಬಾಯಲ್ಲಿ ಈಗಲೂ ‘ನುಸಿ ರೋಗ’ವೇ.

ಮಾತಿಗೆ ಅರ್ಥ ಕೂರಿಸುವ ಚಪಲ ಎಲ್ಲೆಡೆಯೂ ಇದ್ದದ್ದೇ. ಇಂಡೊನೇಷ್ಯಾದ ಹುಡುಗರಲ್ಲಿ ‘ಕೆಪೋ’ ಎಂದರೆ ಕಂಡವರ ವಿಷಯಕ್ಕೆಲ್ಲ ಮೂಗು ತೂರಿಸುವವನು. ಚೀನೀಯರ ಹೊಕ್ಕಿಯೆನ್‌ ನುಡಿಯಿಂದ ಬಂದ ಪದ. ಅದು ಗೊತ್ತಿಲ್ಲದವರು ‘ನೋಯಿಂಗ್‌ ಎವೆರಿ ಪರ್ಟಿಕ್ಯುಲರ್‌ ಆಬ್ಜೆಕ್ಟ್‌’ ಎಂಬ ಇಂಗ್ಲಿಷ್‌ ಮಾತಿನ ಮೊದಲಕ್ಷರಗಳೆಂದು ವಿವರಣೆ ಕಟ್ಟಿದರು, ಜನ ನಂಬಿದರು. ನಗುವ ಮುನ್ನ ನಮ್ಮ ಬೆಂದಕಾಳೂರಿನ ಕತೆ ನೆನೆಯುವುದು ಒಳ್ಳೆಯದು. ಬಲ್ಲಾಳರಾಯನಿಗೆ ಮುದುಕಿ ಬೆಂದ ಕಾಳು ಕೊಟ್ಟದ್ದರಿಂದ ಊರಿಗೆ ಆ ಹೆಸರೆಂದು ಮಕ್ಕಳಿಗೆ ಇಂದಿಗೂ ಹೇಳುತ್ತೇವೆ. ಹೊಯ್ಸಳ ಬಲ್ಲಾಳರಿಗಿಂತ ಎಷ್ಟೋ ಹಿಂದಿನ, ಗಂಗರ ಕಾಲದ ಬೇಗೂರು ಶಾಸನದಲ್ಲೇ ಬೆಂಗಳೂರು ಎಂಬ ಹೆಸರಿದೆ!

ತಿಪಟೂರಿಗೆ ಸಮೀಪದ ದಸರೀಘಟ್ಟದಲ್ಲಿ ಚೌಡೇಶ್ವರಿ ‘ಬರೆಯುವ’ ದೇವತೆ. ಭಕ್ತರು ಪ್ರಶ್ನೆ ಮುಂದಿಡುತ್ತಾರೆ, ಹೊತ್ತವರ ಕೈಯಲ್ಲಿ ದೇವಿ ವಾಲಾಡಿ ಅಕ್ಷರ ಮೂಡಿಸುತ್ತಾಳೆ ಎಂಬ ನಂಬಿಕೆ. ದೂರದೂರುಗಳಿಂದ ಜನ ಬರುತ್ತಾರೆ. ನಂಬುವುದು ಬಿಡುವುದು ಅವರವರಿಗೆ ಬಿಟ್ಟದ್ದು. ಬರೆದದ್ದು ನಾಲ್ಕೇ ಅಕ್ಷರವಾದರೂ ಅದನ್ನು ಎದೆಗೊತ್ತಿಕೊಂಡು ಹೋದವರು ದಾರಿಯುದ್ದಕ್ಕೂ ಅದರ ಅರ್ಥವನ್ನು ಹಿಗ್ಗಿಸುತ್ತ, ತಿರುಗಿಸುತ್ತ, ತಮ್ಮ ಮನೆಯ ಕಷ್ಟಕ್ಕೆ ಹೊಂದಿಸುತ್ತ ಬಸ್ಸಿನಲ್ಲಿ ಕುಳಿತಿರುವುದನ್ನು ಯಾರಾದರೂ ನೋಡಬಹುದು.

ನಾವಿಕರ ಗೊಗ್ಗಯ್ಯ

ಶಾಸ್ತ್ರೀಯ ಹೆಸರೆಂದರೆ ಗಂಭೀರ, ಆಡುಮಾತು ಹಗುರ ಎಂದು ಭಾವಿಸುವವರು ತೆಂಗಿನ ಸಸ್ಯಶಾಸ್ತ್ರೀಯ ಹೆಸರನ್ನೇ ನೋಡಬೇಕು: ‘ಕೋಕೋಸ್‌ ನ್ಯೂಸಿಫೆರಾ’. ಪೋರ್ಚುಗೀಸರ ಮನೆಗಳಲ್ಲಿ ಮಕ್ಕಳನ್ನು ಹೆದರಿಸುವ ಗೊಗ್ಗಯ್ಯನ ಹೆಸರು ‘ಕೋಕೋ’. ವಾಸ್ಕೋ ಡ ಗಾಮನ ಕಾಲದ ನಾವಿಕರು ಸುಲಿದ ಕಾಯಿಯ ಮೂರು ಕಣ್ಣು ಕಂಡು, ಹಲ್ಲು ಕಿರಿದ ಗೊಗ್ಗಯ್ಯನ ಮುಖ ನೆನೆದು ಹಾಗೆ ಕರೆದರು. ಹಡಗಿನ ಮೇಲಿನ ಆ ತಮಾಷೆ 1753ರಲ್ಲಿ ಲಿನೇಯಸನ ಪುಸ್ತಕ ಸೇರಿ ವಿಜ್ಞಾನವಾಯಿತು. ನಮ್ಮವರು ಅದೇ ಮೂರು ಗುರುತನ್ನು ಕಣ್ಣು ಎಂದರು, ಮುಕ್ಕಣ್ಣನನ್ನು ಕಂಡರು. ಮೂರರಲ್ಲಿ ಮೆತ್ತಗಿರುವುದು ಒಂದೇ, ಮೊಳಕೆ ಬರುವುದೂ ಅದರಿಂದಲೇ.

‘ಕೊಬ್ಬರಿ’ಯ ಪಯಣ ಇದಕ್ಕೆ ತಿರುಗಾ. ಮಲಯಾಳದ ಕೊಪ್ಪರ, ಕನ್ನಡದ ಕೊಬ್ಬರಿ, ಹಿಂದಿಯ ಖೋಪ್ರಾ ಒಂದೇ ಬಳ್ಳಿಯವು. ಮಲಯಾಳದ ಪದವನ್ನು ಪೋರ್ಚುಗೀಸರು ‘ಕೊಪ್ರ’ ಮಾಡಿ ಹೊತ್ತೊಯ್ದರು. ಇಂದು ಇಂಗ್ಲಿಷಿನಲ್ಲೂ ಇಂಡೊನೇಷ್ಯಾದಲ್ಲೂ ಅದೇ. ಸಗಟು ವ್ಯಾಪಾರದ ಜಾಗತಿಕ ವರದಿ ಓದುವ ಅಧಿಕಾರಿಗೂ ಹುಳಿಯಾರಿನ ಸಂತೆಯ ಅಜ್ಜನಿಗೂ ನಡುವೆ ಇರುವ ಅಂತರ ಒಂದು ಒತ್ತಕ್ಷರದ್ದು.

ಈ ಸೀಮೆಯ ನೆಲಕ್ಕೆ ಪದ ಕಟ್ಟುವ ಗುಣವಿರಬೇಕು. ಚಿಕ್ಕನಾಯಕನಹಳ್ಳಿ ತಾಲ್ಲೂಕಿನ ತೀರ್ಥಪುರದಲ್ಲಿ 1906ರಲ್ಲಿ ಹುಟ್ಟಿದವರು ತೀ.ನಂ. ಶ್ರೀಕಂಠಯ್ಯ. ‘ಭಾರತೀಯ ಕಾವ್ಯಮೀಮಾಂಸೆ’ ಬರೆದ ವಿದ್ವಾಂಸರು. ದೇಶದ ಪ್ರಥಮ ಪ್ರಜೆಗೆ ‘ರಾಷ್ಟ್ರಪತಿ’ ಎಂಬ ಪದ ಸೂಚಿಸಿದವರು ಅವರೇ ಎಂದು ತಾಲ್ಲೂಕಿನವರು ಹೆಮ್ಮೆಯಿಂದ ಹೇಳಿಕೊಳ್ಳುತ್ತಾರೆ. ಅವರನ್ನೂ ನಾಡು ಪೂರ್ತಿ ಹೆಸರಿನಿಂದ ಕರೆಯಲಿಲ್ಲ. ತೀರ್ಥಪುರದ ‘ತೀ’, ನಂಜುಂಡಯ್ಯನವರ ‘ನಂ’, ಶ್ರೀಕಂಠಯ್ಯನವರ ‘ಶ್ರೀ’ ಕೂಡಿ ‘ತೀನಂಶ್ರೀ’ ಆಯಿತು. ಕಿಬ್ಬನಹಳ್ಳಿಯನ್ನು ಕೆ.ಬಿ. ಮಾಡಿದ ನಾಲಿಗೆಯೇ ಇಲ್ಲಿಯೂ ಕೆಲಸ ಮಾಡಿದೆ, ಈ ಬಾರಿ ಕನ್ನಡದ ಅಕ್ಷರಗಳಲ್ಲಿ. ‘ಇಗೋ ಕನ್ನಡ’ ಅಂಕಣದಲ್ಲಿ ವರ್ಷಗಟ್ಟಲೆ ಓದುಗರ ಪದ-ಸಂದೇಹಗಳಿಗೆ ಉತ್ತರಿಸಿದ ಜಿ. ವೆಂಕಟಸುಬ್ಬಯ್ಯನವರನ್ನು (1913-2021) ಜನ ‘ಜೀವಿ’ ಎಂದರು. ನಿಘಂಟು ಕಟ್ಟಿದವರಿಗೇ ಅಡ್ಡಹೆಸರು ತಪ್ಪಲಿಲ್ಲ.

ತುರುವೇಕೆರೆಯ ಕಡೆಗೆ ಹೋಗುವ ಸಂಜೆಯ ಬಸ್ಸಿನಲ್ಲಿ ಹೈಸ್ಕೂಲಿನ ಹುಡುಗಿಯರು ತುಂಬಿರುತ್ತಾರೆ. ದೊಡ್ಡವರಿಗೆ ತಿಳಿಯಬಾರದ ಮಾತು ಬಂದರೆ ಅವರು ‘ಕ’ ಭಾಷೆಗೆ ಹೊರಳುತ್ತಾರೆ; ಪ್ರತಿ ಅಕ್ಷರಕ್ಕೂ ಮೊದಲು ಒಂದು ‘ಕ’. ಜಕಾರ್ತಾದ ಪುಂಡರ ‘ಒಕ್‌’ಗೆ ಇದು ದೂರದ ನೆಂಟ. ‘ಕನಾಕಳೆ ಕಬಾ’ ಎಂದರೆ ನಾಳೆ ಬಾ. ಕಾಯಿ ಎನ್ನಬೇಕಾದರೆ ಮಾತ್ರ ‘ಕಕಾಕಯಿ’ ಎಂದು ನಾಲಿಗೆ ತೊಡರಿ ನಗು ಉಕ್ಕುತ್ತದೆ. ಸರಸರನೆ ಗುಟ್ಟು ಸಾಗುತ್ತಿರುವಾಗ ಮುಂದಿನ ಸೀಟಿನಲ್ಲಿ ಚೀಲ ಹಿಡಿದು ಕೂತ ಅಜ್ಜಿ ತಿರುಗದೆಯೇ ಒಂದು ಮಾತು ಹೇಳಿದರೆ ಸಾಕು: ‘ಕನಿಕಮ್ಮ ಕಅಕಪ್ಪಂಕಗೆ ಕಹೇಕಳ್ಲಾ?’ ಅವಳ ಕಾಲದ ಶಾಲೆಯಲ್ಲೂ ಅದೇ ‘ಕ’ ಇತ್ತು.